ರಂಗದಿಂದ ಮುದ್ರಣಕ್ಕೆ: ಮೋಲಿಯೇರನ ಪ್ರಹಸನಗಳು ಮತ್ತು ಕರ್ತೃತ್ವದ ಪ್ರಶ್ನೆ

ಯುರೋಪಿನ ವಿನೋದ ನಾಟಕಕಾರರಲ್ಲಿ ಅಗ್ರಪಂಕ್ತಿಗೆ ಸೇರಿದ ಮೋಲಿಯೇರನ (1622–1673) ಹೆಸರಿನಲ್ಲಿ ಮೂವತ್ತಕ್ಕೂ ಹೆಚ್ಚು ನಾಟಕಗಳು ಉಳಿದುಬಂದಿವೆ. ಆದರೆ ಅವುಗಳಲ್ಲಿ ಒಂದರದಾದರೂ ಹಸ್ತಪ್ರತಿ ಉಳಿದಿಲ್ಲ. ಅವನ ಕೈಬರಹವೆಂದು ನಿಶ್ಚಯವಾಗಿ ಹೇಳಬಹುದಾದುದು ದಸ್ತಾವೇಜುಗಳ ಮೇಲಿನ ಕೆಲವು ಸಹಿಗಳು, ಹಣ ಪಡೆದುದಕ್ಕೆ ಕೊಟ್ಟ ಒಂದೆರಡು ರಸೀತಿಗಳು, ಇಷ್ಟೇ. ಈ ಅಭಾವವನ್ನೇ ಮುಂದಿಟ್ಟುಕೊಂಡು ಇಪ್ಪತ್ತನೆಯ ಶತಮಾನದಲ್ಲಿ ಕೆಲವರು, ನಾಟಕಗಳ ನಿಜವಾದ ಕರ್ತೃ ಬೇರೊಬ್ಬನೆಂದು ವಾದಿಸತೊಡಗಿದರು. ಆ ವಾದದ ಸತ್ವವನ್ನು ಪರೀಕ್ಷಿಸಬೇಕಾದರೆ ಹದಿನೇಳನೆಯ ಶತಮಾನದ ಪ್ಯಾರಿಸ್ಸಿನಲ್ಲಿ ನಾಟಕವೊಂದು ರಂಗದಿಂದ ಪುಸ್ತಕದಂಗಡಿಗೆ ಸಾಗುತ್ತಿದ್ದ ದಾರಿಯನ್ನು ಮೊದಲು ಅರಿಯಬೇಕಾಗುತ್ತದೆ. ಆ ದಾರಿ ವಿಚಿತ್ರವಾದುದು. ಮೋಲಿಯೇರನನ್ನು 'ಗ್ರಂಥಕರ್ತ'ನನ್ನಾಗಿ ಮಾಡಿದವರಲ್ಲಿ ಅವನ ಪುಸ್ತಕಗಳನ್ನು ಕದ್ದವರ ಪಾಲೂ ಸಣ್ಣದಲ್ಲ.

ಅಂದಿನ ಪದ್ಧತಿಯಲ್ಲಿ ನಾಟಕಕ್ಕೆ ಎರಡು ಬಗೆಯ ಒಡೆತನವಿತ್ತು. ಮುದ್ರಣವಾಗದ ನಾಟಕ ಅದನ್ನು ಆಡುತ್ತಿದ್ದ ಮಂಡಳಿಯ ಸ್ವತ್ತು. ಬೇರೆ ಮಂಡಳಿಯವರು ಅದನ್ನು ಮುಟ್ಟದಿರುವುದು ವೃತ್ತಿಯ ಮರ್ಯಾದೆಯಾಗಿತ್ತು. ಅಚ್ಚಾದೊಡನೆ ಆ ತಡೆ ಕಳಚುತ್ತಿತ್ತು. ಪುಸ್ತಕವನ್ನು ಕೊಂಡ ಯಾವ ಮಂಡಳಿಯಾದರೂ ಅದನ್ನು ರಂಗಕ್ಕೆ ತರಬಹುದಾಗಿತ್ತು. ಮುದ್ರಣದ ಹಕ್ಕಾದರೋ ರಾಜನ ಹೆಸರಿನಲ್ಲಿ ನೀಡುವ ಅನುಮತಿಪತ್ರದಿಂದ ಹುಟ್ಟುತ್ತಿತ್ತು. ನಿಗದಿತ ವರ್ಷಗಳವರೆಗೆ ಇಂಥ ಪುಸ್ತಕವನ್ನು ಇಂಥವರೇ ಅಚ್ಚುಹಾಕಿ ಮಾರಬೇಕೆಂಬ ಆ ಪತ್ರವನ್ನು ಪಡೆಯುವಾತ ಗ್ರಂಥದ ಕರ್ತೃವೇ ಆಗಿರಬೇಕೆಂಬ ಕಟ್ಟು ಇರಲಿಲ್ಲ. ಪ್ರತಿಯೊಂದನ್ನು ಹೇಗೋ ದೊರಕಿಸಿಕೊಂಡ ವ್ಯಾಪಾರಿ ಮೊದಲು ಅರ್ಜಿ ಹಾಕಿದರೆ ಹಕ್ಕು ಅವನದಾಗುವ ಸಂಭವವಿತ್ತು. ತಾನೇ ನಟನೂ ಮಂಡಳಿಯ ಯಜಮಾನನೂ ಆಗಿದ್ದ ಮೋಲಿಯೇರನಿಗೆ ನಾಟಕವನ್ನು ಅಚ್ಚಿಗೆ ಕೊಡದೆ ಇಟ್ಟುಕೊಳ್ಳುವುದರಲ್ಲಿಯೇ ಲಾಭವಿತ್ತು. ದಿನದ ಗಲ್ಲಾಪೆಟ್ಟಿಗೆಯ ಆದಾಯದಲ್ಲಿ ನಟನ ಪಾಲಿನ ಜೊತೆಗೆ ಕರ್ತೃವಿನ ಪಾಲೂ ಅವನಿಗೆ ಸಲ್ಲುತ್ತಿತ್ತು. 1659ರಲ್ಲಿ ಮಂಡಳಿಯನ್ನು ಸೇರಿದ ನಟ ಲಾ ಗ್ರಾಂಜ್ ಬರೆದಿಟ್ಟ ದಿನವಹಿ ಲೆಕ್ಕದ ಪುಸ್ತಕ ಇದಕ್ಕೆ ಸಾಕ್ಷಿಯಾಗಿದೆ.

ಹದಿಮೂರು ವರ್ಷಗಳ ಕಾಲ ಪ್ರಾಂತಗಳಲ್ಲಿ ಊರೂರು ಅಲೆದು 1658ರಲ್ಲಿ ಪ್ಯಾರಿಸ್ಸಿಗೆ ಮರಳಿದ ಮೋಲಿಯೇರ್, ಮರುವರ್ಷ ನವೆಂಬರ್ 18ರಂದು 'ಲೆ ಪ್ರೆಸ್ಯೂಸ್ ರಿಡಿಕ್ಯೂಲ್' ಎಂಬ ಏಕಾಂಕ ಪ್ರಹಸನವನ್ನು ರಂಗಕ್ಕೆ ತಂದನು. ಮಾತಿನ ನಾಜೂಕನ್ನೇ ಸಂಸ್ಕೃತಿಯೆಂದು ಬಗೆದ ಇಬ್ಬರು ಹುಡುಗಿಯರು ಯಜಮಾನರ ಉಡುಪು ತೊಟ್ಟು ಬಂದ ಸೇವಕರಿಗೆ ಮರುಳಾಗುವ ಕಥೆ ಅದು. ಊರೆಲ್ಲ ಅದರ ಮಾತೇ ಆಯಿತು. ಎರಡು ತಿಂಗಳು ತುಂಬುವ ಮೊದಲೇ ಝಾನ್ ರಿಬೂ ಎಂಬ ಪುಸ್ತಕ ವ್ಯಾಪಾರಿ ಕದ್ದ ಪ್ರತಿಯೊಂದನ್ನು ಸಂಪಾದಿಸಿ, ಅದಕ್ಕೆ ಅನುಮತಿಪತ್ರವನ್ನೂ ಗಿಟ್ಟಿಸಿಬಿಟ್ಟನು. ಮೋಲಿಯೇರ್ ಓಡಾಡಿ ಅದನ್ನು ರದ್ದುಪಡಿಸಿ, ಗಿಯೋಮ್ ದ ಲ್ಯುಯಿನ್ ಎಂಬ ಬೇರೊಬ್ಬ ವ್ಯಾಪಾರಿಯ ಮೂಲಕ 1660ರ ಜನವರಿಯ ಕೊನೆಯಲ್ಲಿ ಅವಸರದಿಂದ ಪುಸ್ತಕವನ್ನು ಹೊರತಂದನು. ಅದರ ಮುನ್ನುಡಿಯಲ್ಲಿ ತನ್ನ ಇಷ್ಟಕ್ಕೆ ವಿರುದ್ಧವಾಗಿ ತನ್ನನ್ನು ಅಚ್ಚುಹಾಕಲಾಗುತ್ತಿದೆಯೆಂದು ಅವನು ದೂರುತ್ತಾನೆ. ನಾಟಕದ ಸೊಬಗು ಅಭಿನಯವನ್ನೂ ಧ್ವನಿಯ ಏರಿಳಿತವನ್ನೂ ಅವಲಂಬಿಸಿರುವುದರಿಂದ ಆ ಅಲಂಕಾರಗಳನ್ನು ಕಳಚಿ ಅದನ್ನು ಓದುಗರ ಮುಂದೆ ನಿಲ್ಲಿಸಲು ತನಗೆ ಮನಸ್ಸಿರಲಿಲ್ಲವೆಂಬುದು ಅಲ್ಲಿಯ ತಾತ್ಪರ್ಯ. ಅಂದಿನ ಲೇಖಕರು ಇಂಥ ಸಂಕೋಚವನ್ನು ಶಿಷ್ಟಾಚಾರಕ್ಕಾಗಿ ನಟಿಸುತ್ತಿದ್ದುದು ಉಂಟು. ಇಲ್ಲಿ ಅದು ಬರಿಯ ನಟನೆಯಲ್ಲ. ವ್ಯಾಪಾರದ ಲೆಕ್ಕವೂ ಅದರ ಹಿಂದಿದೆ.

ಅದೇ ವರ್ಷ ನಡೆದ ಎರಡನೆಯ ಪ್ರಕರಣ ಇನ್ನೂ ಸ್ವಾರಸ್ಯಕರ. 1660ರ ಮೇ 28ರಂದು 'ಸ್ಗನರೆಲ್' ಪ್ರಹಸನದ ಮೊದಲ ಪ್ರದರ್ಶನವಾಯಿತು. ಒಮ್ಮೆ ಪೆಟ್ಟು ತಿಂದಿದ್ದ ಮೋಲಿಯೇರ್ ಈ ಸಲ ಮೂರೇ ದಿನಗಳಲ್ಲಿ ತನ್ನ ಹೆಸರಿಗೆ ಅನುಮತಿಪತ್ರವನ್ನು ಮಾಡಿಸಿಕೊಂಡನು. ಆದರೂ ಅದೇ ರಿಬೂ ಬೇಸಗೆ ಮುಗಿಯುವುದರೊಳಗೆ ನಾಟಕವನ್ನು ಅಚ್ಚುಹಾಕಿಸಿದನು. ಪುಸ್ತಕದ ಮೇಲೆ ನಫ್‌ವಿಲ್ನೆನ್ ಎಂಬೊಬ್ಬನ ಹೆಸರಿತ್ತು. ಆ ಹೆಸರಿನ ಹಿಂದೆ ಯಾರಿದ್ದರೆಂಬುದು ವಿದ್ವಾಂಸರ ಚರ್ಚೆಯ ವಿಷಯ. ತಾನು ಐದಾರು ಬಾರಿ ನಾಟಕವನ್ನು ನೋಡಿ ಬಂದೆನೆಂದೂ, ಅದು ತನಗೆ ಅರಿವಿಲ್ಲದೆಯೇ ಕಂಠಸ್ಥವಾಗಿತ್ತೆಂದೂ, ಬಲ್ಲವರು ಕೇಳಿದ್ದರಿಂದ ಬರೆದಿಟ್ಟೆನೆಂದೂ ಅವನು ಹೇಳಿಕೊಂಡಿದ್ದಾನೆ. ಅದಕ್ಕಿಂತ ಹೆಚ್ಚಾಗಿ, ಆ ಕದ್ದ ಮುದ್ರಣವನ್ನು ಸ್ವತಃ ಮೋಲಿಯೇರನಿಗೇ ಅರ್ಪಿಸಿದ್ದಾನೆ! ಮೋಲಿಯೇರ್ ವ್ಯಾಜ್ಯ ಹೂಡಿದನು. ತೀರ್ಪು ಅವನ ಕಡೆಗೇ ಆಯಿತು.

ಆದರೆ ಈ ಕಳ್ಳಮುದ್ರಣದ ಮಹತ್ವ ವ್ಯಾಜ್ಯದ ತೀರ್ಪಿನಲ್ಲಿ ಮುಗಿಯುವುದಿಲ್ಲ. ನಫ್‌ವಿಲ್ನೆನ್ ಸಂಭಾಷಣೆಯನ್ನು ಮಾತ್ರ ಬರೆದುಕೊಂಡವನಲ್ಲ. ಪ್ರತಿ ದೃಶ್ಯದ ಮೊದಲು ಒಂದು ಸಾರಾಂಶವನ್ನು ಸೇರಿಸಿ, ಸ್ಗನರೆಲ್ಲನ ಪಾತ್ರದಲ್ಲಿದ್ದ ಮೋಲಿಯೇರ್ ಮುಖಭಾವವನ್ನು ಹೇಗೆ ಬದಲಿಸುತ್ತಿದ್ದನು, ಯಾವ ಹಾವಭಾವಕ್ಕೆ ಜನ ಹೇಗೆ ನಕ್ಕರು ಎಂಬುದನ್ನೆಲ್ಲ ವಿವರಿಸಿದನು. ಅಸೂಯೆಯಿಂದ ಬೇಯುವ ಗಂಡನ ಮುಖದ ಚಹರೆಯನ್ನು ಚಿತ್ರಿಸಲು ಚಿತ್ರಕಾರನೇ ಬೇಕೆನ್ನುವ ಧಾಟಿಯ ಮಾತುಗಳು ಅಲ್ಲಿ ಬರುತ್ತವೆ. ಮೋಲಿಯೇರನ ನಟನೆಯನ್ನು ಕುರಿತು ದೊರೆಯುವ ಸಮಕಾಲೀನ ವರ್ಣನೆಗಳಲ್ಲಿ ಇದು ಅಮೂಲ್ಯವಾದುದು. ಕರ್ತೃವೇ ಬರೆದುಕೊಡದಿದ್ದುದನ್ನು ಕಳ್ಳನು ಬರೆದಿಟ್ಟನು! ಆಶ್ಚರ್ಯವೆಂದರೆ ಮುಂದೆ ಹೊರಬಂದ ಅಧಿಕೃತ ಆವೃತ್ತಿಗಳಿಗೂ ಈ ಪಾಠವೇ ಆಧಾರವಾಯಿತು. 'ಶುದ್ಧ ಪಾಠ'ವೆಂಬುದನ್ನು ಕವಿಯ ಲೇಖನಿಯಿಂದ ಇಳಿದುದೆಂದು ಭಾವಿಸುವ ಗ್ರಂಥಸಂಪಾದನಾ ಶಾಸ್ತ್ರಕ್ಕೆ ಇದು ದೊಡ್ಡ ತೊಡಕು. ಇಲ್ಲಿ ಪ್ರೇಕ್ಷಕನೊಬ್ಬನ ಸ್ಮೃತಿಯೇ ಮೂಲಪ್ರತಿ.

ರಿಬೂವಿನ ಕಥೆ ಇಲ್ಲಿಗೆ ಮುಗಿಯಲಿಲ್ಲ. 1666ರ ಹೊತ್ತಿಗೆ ಅವನೇ ಮೋಲಿಯೇರನ ಪುಸ್ತಕಗಳ ಮುಖ್ಯ ವ್ಯಾಪಾರಿಯಾಗಿದ್ದನು. 'ಮಿಸಾಂಥ್ರೋಪ್', 'ಆಂಫಿತ್ರಿಯೋನ್', 'ಲಾವಾರ್' ಮೊದಲಾದ ನಾಟಕಗಳು ಅವನ ಅಂಗಡಿಯಿಂದಲೇ ಹೊರಬಂದವು. ಐದು ವರ್ಷಗಳ ಕಾಲ ನಿಷೇಧಕ್ಕೊಳಗಾಗಿದ್ದ 'ತಾರ್ತೂಫ್' 1669ರಲ್ಲಿ ಬಿಡುಗಡೆಯಾದಾಗ ಮೋಲಿಯೇರ್ ತನ್ನ ಸ್ವಂತ ಖರ್ಚಿನಲ್ಲಿ ಅದನ್ನು ಅಚ್ಚುಹಾಕಿಸಿ, ಮಾರಾಟಕ್ಕೆ ಮಾತ್ರ ರಿಬೂವಿಗೆ ಒಪ್ಪಿಸಿದನು. ಕಳ್ಳನನ್ನೇ ಕಾವಲಿಗಿಟ್ಟ ಈ ಜಾಣತನದ ಹಿಂದೆ ಪುಸ್ತಕ ವ್ಯಾಪಾರಿಗಳ ಕೂಟದ ಮೇಲಿನ ಅಸಮಾಧಾನವೂ ಇದ್ದಿರಬೇಕು. 1671ರಲ್ಲಿ ಅವನು ತನ್ನ ಎಲ್ಲ ಕೃತಿಗಳನ್ನೂ ತಾನೇ ಮುದ್ರಿಸಿಕೊಳ್ಳುವ ಸಾಮಾನ್ಯ ಅನುಮತಿಪತ್ರವನ್ನು ರಾಜನಿಂದ ಪಡೆದನು. ತನ್ನ ನಾಟಕವನ್ನು ಅಚ್ಚಿಗೆ ಕೊಡಲು ಹಿಂಜರಿಯುತ್ತಿದ್ದ 1660ರ ನಟನಿಗೂ, ಇಡೀ ಕೃತಿಸಮೂಹದ ಮೇಲೆ ಹಕ್ಕು ಸ್ಥಾಪಿಸಲು ಹೊರಟ 1671ರ ಗ್ರಂಥಕರ್ತನಿಗೂ ನಡುವೆ ಕೇವಲ ಹನ್ನೊಂದು ವರ್ಷಗಳ ಅಂತರ. ಯೋಜನೆ ಪೂರ್ಣಗೊಳ್ಳುವ ಮೊದಲೇ ಅವನು ತೀರಿಕೊಂಡನು.

ಈ ನಡುವೆ ವಿಮರ್ಶೆಯ ಕಣವೂ ಸಿದ್ಧವಾಗಿತ್ತು. 1662ರ ಡಿಸೆಂಬರಿನಲ್ಲಿ ರಂಗವೇರಿದ 'ಲೆಕೋಲ್ ದೆ ಫಾಮ್' ನಾಟಕದ ಮೇಲೆ ಅಶ್ಲೀಲತೆ, ನಿಯಮಭಂಗ, ಧರ್ಮನಿಂದೆಗಳ ಆರೋಪ ಬಂದಾಗ ಮೋಲಿಯೇರ್ ಪ್ರಬಂಧ ಬರೆದು ಉತ್ತರಿಸಲಿಲ್ಲ. ಇನ್ನೊಂದು ನಾಟಕವನ್ನೇ ಬರೆದನು. 1663ರ ಜೂನ್ 1ರಂದು ಆಡಿದ ಆ 'ವಿಮರ್ಶೆ' ನಾಟಕದಲ್ಲಿ ಒಂದು ಮನೆಯ ದಿವಾನಖಾನೆಯಲ್ಲಿ ಸೇರಿದವರು ಹಿಂದಿನ ನಾಟಕದ ಗುಣದೋಷಗಳನ್ನು ಚರ್ಚಿಸುತ್ತಾರೆ. ಅರಿಸ್ಟಾಟಲ್ ಮತ್ತು ಹೊರೇಸರ ಹೆಸರು ಹೇಳಿ ಬೆದರಿಸುವ ಲಿಸಿದಾಸನೆಂಬ ಪಂಡಿತಕವಿ ಅಲ್ಲಿದ್ದಾನೆ. ಅವನಿಗೆ ಎದುರಾಡುವ ದೊರಾಂತ್, ಪ್ರೇಕ್ಷಕರನ್ನು ಮೆಚ್ಚಿಸುವುದೇ ಎಲ್ಲ ನಿಯಮಗಳಿಗೂ ಮಿಗಿಲಾದ ನಿಯಮವೆಂದು ವಾದಿಸುತ್ತಾನೆ. ದುರಂತ ನಾಟಕದ ವೀರರನ್ನು ಕಲ್ಪನೆಗೆ ಬಂದಂತೆ ಚಿತ್ರಿಸಬಹುದು, ವಿನೋದ ನಾಟಕದಲ್ಲಾದರೋ ಕಣ್ಣೆದುರಿನ ಮನುಷ್ಯರನ್ನು ಗುರುತು ಸಿಗುವಂತೆ ಬರೆಯಬೇಕು, ಮರ್ಯಾದಸ್ಥರನ್ನು ನಗಿಸುವುದು ಸುಲಭದ ಕೆಲಸವಲ್ಲ ಎಂಬುದು ಅವನ ಪಕ್ಷ. ಹಾಸ್ಯವನ್ನು ಕಾವ್ಯಮೀಮಾಂಸೆಯ ಕೆಳಮೆಟ್ಟಿಲಲ್ಲಿ ಕೂರಿಸಿದ್ದ ಕಾಲದಲ್ಲಿ ಈ ಮಾತು ದಿಟ್ಟವಾದುದು. ಅದೇ ವರ್ಷ ರಾಜನ ಗೌರವಧನದ ಪಟ್ಟಿಯಲ್ಲಿ ಅವನ ಹೆಸರು ಶ್ರೇಷ್ಠ ವಿನೋದ ಕವಿಯೆಂದು ಸೇರಿತು.

ಆದರೂ ಪಂಡಿತರ ಅಳತೆಗೋಲು ಸುಲಭವಾಗಿ ಬದಲಾಗಲಿಲ್ಲ. ಮೋಲಿಯೇರನ ಗೆಳೆಯನೂ ಅಭಿಮಾನಿಯೂ ಆಗಿದ್ದ ಬ್ವಾಲೋ, 1674ರಲ್ಲಿ ಪ್ರಕಟವಾದ ತನ್ನ ಪದ್ಯರೂಪದ ಕಾವ್ಯಮೀಮಾಂಸೆಯಲ್ಲಿ, ಸ್ಕಾಪನ ಗೋಣಿಚೀಲದಲ್ಲಿ 'ಮಿಸಾಂಥ್ರೋಪ್' ಬರೆದ ಕವಿಯನ್ನು ಗುರುತಿಸಲಾಗದೆಂದು ವಿಷಾದಿಸಿದನು. 1671ರ ಪ್ರಹಸನದಲ್ಲಿ ಸೇವಕ ಸ್ಕಾಪನ್ ತನ್ನ ಯಜಮಾನನ ತಂದೆ ಜೆರೋಂತನನ್ನು ಗೋಣಿಚೀಲದಲ್ಲಿ ತುಂಬಿ ಥಳಿಸುವ ದೃಶ್ಯಕ್ಕೆ ಸಂಬಂಧಿಸಿದ ಮಾತು ಅದು. ಬ್ವಾಲೋನ ಪದ್ಯದಲ್ಲಿ ಚೀಲದೊಳಗೆ ಹೊಕ್ಕವನು ಸ್ಕಾಪನೇ ಎಂಬಂತಿದೆ. ಹೊಡೆಯುವವನು ಯಾರು, ಹೊಡೆಸಿಕೊಳ್ಳುವವನು ಯಾರು ಎಂಬುದು ಮೀಮಾಂಸಕನ ದೃಷ್ಟಿಗೆ ಮುಖ್ಯವಾಗಿರಲಿಲ್ಲವೆಂದು ತೋರುತ್ತದೆ! ಈ ಒಂದು ವಾಕ್ಯ ಎರಡು ಶತಮಾನಗಳ ವಿಮರ್ಶೆಗೆ ದಾರಿ ಹಾಕಿಕೊಟ್ಟಿತು. ಛಂದೋಬದ್ಧವಾದ, ಓದಲು ಯೋಗ್ಯವಾದ 'ಉನ್ನತ' ವಿನೋದ ನಾಟಕಗಳು ಒಂದು ಕಡೆ, ಹೊಡೆದಾಟ ಬಡಿದಾಟಗಳ 'ಕೀಳು' ಪ್ರಹಸನಗಳು ಇನ್ನೊಂದು ಕಡೆ ಎಂಬ ವಿಭಜನೆ ಪಾಠಶಾಲೆಗಳವರೆಗೂ ಇಳಿಯಿತು. ಈ ವಿಭಜನೆ ಪುಸ್ತಕದಿಂದ ಹುಟ್ಟಿದುದು; ರಂಗದ ಅನುಭವಕ್ಕೆ ಅದು ಒಪ್ಪುವುದಿಲ್ಲ. 1666ರಲ್ಲಿ ಅಚ್ಚಾದ 'ಲಾಮೂರ್ ಮೆದ್ಸಾಂ' ನಾಟಕದ ಮುನ್ನುಡಿಯಲ್ಲಿ ಮೋಲಿಯೇರ್, ವಿನೋದ ನಾಟಕಗಳು ಆಡುವುದಕ್ಕಾಗಿಯೇ ಇರುವಂಥವೆಂದೂ, ಓದುವಾಗಲೇ ರಂಗದ ಚಲನವಲನಗಳನ್ನೆಲ್ಲ ಕಾಣಬಲ್ಲ ಕಣ್ಣುಳ್ಳವರು ಮಾತ್ರ ಅದನ್ನು ಓದಲಿ ಎಂದೂ ಎಚ್ಚರಿಸಿದ್ದನು. ಆ ಎಚ್ಚರಿಕೆಗೆ ವಿಮರ್ಶಕರು ಗಂಭೀರವಾಗಿ ಕಿವಿಗೊಡಲು 1901ರಲ್ಲಿ ಗುಸ್ತಾವ್ ಲಾನ್ಸೋನ್ ಮೋಲಿಯೇರನ ಪ್ರತಿಭೆಯ ಬೇರು ಪ್ರಹಸನದಲ್ಲಿದೆಯೆಂದು ಪ್ರತಿಪಾದಿಸುವವರೆಗೆ ಕಾಯಬೇಕಾಯಿತು. 1949ರಲ್ಲಿ ಡಬ್ಲ್ಯು. ಜಿ. ಮೂರ್, 1954ರಲ್ಲಿ ರೆನೆ ಬ್ರೇ ಆ ದೃಷ್ಟಿಯನ್ನು ಇನ್ನಷ್ಟು ಬೆಳೆಸಿದರು.

ಕರ್ತೃತ್ವದ ಸಂಶಯಕ್ಕೂ ಈ ವಿಭಜನೆಗೂ ಒಳನಂಟಿದೆ. ಗೋಣಿಚೀಲದ ಪ್ರಹಸನಕಾರನೇ 'ಮಿಸಾಂಥ್ರೋಪ್' ಬರೆದವನಾಗಿರಲು ಸಾಧ್ಯವೇ ಎಂಬ ಅಚ್ಚರಿಯನ್ನು ಒಂದು ಹೆಜ್ಜೆ ಮುಂದೊಯ್ದರೆ, ಬರೆದವನು ಬೇರೆಯವನೇ ಆಗಿರಬೇಕೆಂಬ ಊಹೆಗೆ ಎಡೆಯಾಗುತ್ತದೆ. 1919ರಲ್ಲಿ ಕವಿ ಪಿಯೆರ್ ಲೂಯಿ, ಮೋಲಿಯೇರನ ಹೆಸರಿನ ಶ್ರೇಷ್ಠ ನಾಟಕಗಳನ್ನು ಬರೆದವನು ದುರಂತ ನಾಟಕಕಾರ ಪಿಯೆರ್ ಕಾರ್ನೇಯಿ ಎಂದು ಸಾರಿದನು. ಈ ಲೂಯಿಯೇ 1894ರಲ್ಲಿ ತನ್ನ ಸ್ವಂತ ಪದ್ಯಗಳನ್ನು ಪ್ರಾಚೀನ ಗ್ರೀಕ್ ಕವಯಿತ್ರಿಯೊಬ್ಬಳ ಅನುವಾದಗಳೆಂದು ಪ್ರಕಟಿಸಿದ್ದವನು ಎಂಬುದನ್ನು ಇಲ್ಲಿ ನೆನೆಯಬಹುದು. 2001ರಲ್ಲಿ ಪದಗಳ ಬಳಕೆಯ ಎಣಿಕೆಯಿಂದ ಈ ವಾದಕ್ಕೆ ಮತ್ತೆ ಜೀವ ಬಂದಿತು. ಆದರೆ 2019ರಲ್ಲಿ ಫ್ಲೋರಿಯನ್ ಕಾಫಿಯೆರೋ ಮತ್ತು ಝಾನ್ ಬಪ್ತಿಸ್ತ್ ಕಾಂಪ್ಸ್ ಎಂಬ ಸಂಶೋಧಕರು ಪದಸಂಪತ್ತು, ಪ್ರಾಸ, ವ್ಯಾಕರಣದ ಅಂಶಗಳು, ಅವ್ಯಯಗಳ ಬಳಕೆ ಇವುಗಳನ್ನೆಲ್ಲ ಗಣಕಯಂತ್ರದಿಂದ ಹೋಲಿಸಿ, ಮೋಲಿಯೇರನ ನಾಟಕಗಳು ಕಾರ್ನೇಯಿ ಸೋದರರ ನಾಟಕಗಳಿಂದ ಸ್ಪಷ್ಟವಾಗಿ ಬೇರ್ಪಟ್ಟು ತಮ್ಮದೇ ಗುಂಪಾಗಿ ನಿಲ್ಲುತ್ತವೆಂದು ತೋರಿಸಿದರು.

ಗಣಕಯಂತ್ರದ ಸಾಕ್ಷ್ಯಕ್ಕೆ ಮೊದಲೇ ಪುಸ್ತಕಗಳ ಸಾಕ್ಷ್ಯವಿತ್ತು. 1671ರ 'ಪ್ಸಿಶೆ' ನಾಟಕ ರಾಜನ ಅವಸರಕ್ಕಾಗಿ ಮೂವರು ಸೇರಿ ಬರೆದುದು. ಕಥಾಯೋಜನೆ, ನಾಂದಿ, ಮೊದಲನೆಯ ಅಂಕ, ಮುಂದಿನ ಎರಡು ಅಂಕಗಳ ಮೊದಲ ದೃಶ್ಯಗಳು ಮೋಲಿಯೇರನವು. ಉಳಿದ ಭಾಗವನ್ನು ಕಾರ್ನೇಯಿ ಸುಮಾರು ಹದಿನೈದು ದಿನಗಳಲ್ಲಿ ಬರೆದುಕೊಟ್ಟನು. ಹಾಡುಗಳಲ್ಲಿ ಬಹುಪಾಲು ಕಿನೋನವು. ಇದಿಷ್ಟನ್ನೂ ಪ್ರಕಾಶಕನ ಸೂಚನೆಯಲ್ಲಿ ಬಿಚ್ಚಿ ಹೇಳಲಾಗಿದೆ. ನಿಜವಾಗಿ ಕಾರ್ನೇಯಿ ಕೈಜೋಡಿಸಿದ ಕಡೆ ಅದನ್ನು ಮುಚ್ಚಿಟ್ಟಿಲ್ಲವೆಂದ ಮೇಲೆ ಉಳಿದೆಡೆ ಗುಟ್ಟಿನ ಒಪ್ಪಂದವನ್ನು ಕಲ್ಪಿಸುವುದಕ್ಕೆ ಆಧಾರ ಕಾಣದು. ಹಸ್ತಪ್ರತಿಯ ಅಭಾವವೂ ಆಧಾರವಾಗಲಾರದು. ಅಚ್ಚು ಮುಗಿದ ಮೇಲೆ ಪ್ರತಿಯನ್ನು ಕಾಪಿಡುವ ರೂಢಿಯೇ ಅಂದಿನ ಮುದ್ರಕರಲ್ಲಿ ಇರಲಿಲ್ಲ.

ಎರವಲಿನ ವಿಷಯವೂ ಹೀಗೆಯೇ. 'ಲಾವಾರ್' ನಾಟಕದ ಜಿಪುಣ ಪ್ಲಾಟಸನ ಲ್ಯಾಟಿನ್ ನಾಟಕದಿಂದ ಬಂದವನು. ಸ್ಕಾಪನ ಪ್ರಹಸನದಲ್ಲಿ ಮಗನನ್ನು ಹಡಗಿನವರು ಸೆರೆಹಿಡಿದರೆಂಬ ಸುಳ್ಳು ಸುದ್ದಿಗೆ ತಂದೆ ಗೋಳಾಡುವ ದೃಶ್ಯ ಸಿರಾನೋ ದ ಬೆರ್ಜರಾಕನ ನಾಟಕದಲ್ಲಿ ಮೊದಲೇ ಇತ್ತು. ತನ್ನ ಸ್ವತ್ತನ್ನು ಕಂಡಲ್ಲಿ ಹಿಂದಕ್ಕೆ ಪಡೆಯುತ್ತೇನೆಂದು ಮೋಲಿಯೇರ್ ಸಮರ್ಥಿಸಿಕೊಂಡನೆಂಬ ಐತಿಹ್ಯವನ್ನು 1705ರಲ್ಲಿ ಅವನ ಜೀವನಚರಿತ್ರೆ ಬರೆದ ಗ್ರಿಮಾರೆ ದಾಖಲಿಸಿದ್ದಾನೆ. ಗ್ರಿಮಾರೆಯ ಮಾತುಗಳನ್ನೆಲ್ಲ ನಂಬುವಂತಿಲ್ಲ. ಆದರೆ ಕಥಾವಸ್ತುವನ್ನು ಸಾರ್ವಜನಿಕ ಸ್ವತ್ತೆಂದೇ ಭಾವಿಸಿದ್ದ ಯುಗದಲ್ಲಿ ಇದು ಅಪವಾದವೆನಿಸಿರಲಿಲ್ಲ.

ಇಂಥ ಸಮಸ್ಯೆ ಕನ್ನಡಕ್ಕೆ ಅಪರಿಚಿತವಲ್ಲ. 'ತಾರ್ತೂಫ್' ನಾಟಕವನ್ನು ಎ. ಎನ್. ಮೂರ್ತಿರಾಯರು 'ಆಷಾಢಭೂತಿ'ಯಾಗಿ ಕನ್ನಡಕ್ಕೆ ತಂದುದರಿಂದ ಮೋಲಿಯೇರನ ಪರಿಚಯ ಇಲ್ಲಿಯ ಹವ್ಯಾಸಿ ರಂಗಭೂಮಿಗೆ ಹಳೆಯದು. ಅದೇ ರಂಗಭೂಮಿಯ ಟಿ. ಪಿ. ಕೈಲಾಸಂ ತಮ್ಮ ನಾಟಕಗಳನ್ನು ಬರೆದುದಕ್ಕಿಂತ ಹೇಳಿ ಬರೆಸಿದುದೇ ಹೆಚ್ಚು. ಬಿ. ಎಸ್. ರಾಮರಾಯರಂಥ ಆಪ್ತರ ಲೇಖನಿ ಇರದಿದ್ದರೆ ಆ ಮಾತುಗಳಲ್ಲಿ ಎಷ್ಟೋ ಗಾಳಿಯಲ್ಲಿ ಕರಗಿಹೋಗುತ್ತಿದ್ದವು. ಕೈಲಾಸಂ ಅವರ ಕಂಠವನ್ನು ಕೇಳಿದ್ದ ತಲೆಮಾರಿನವರು ಅಚ್ಚಿನ ಪುಟದಲ್ಲಿ ಏನನ್ನೋ ಕಳೆದುಕೊಂಡಂತೆ ಕಂಡರೆ ಅದು ಸಹಜವೇ. ಹಾಗೆಂದು ಬರೆದುಕೊಂಡವರನ್ನು ಯಾರೂ ಕರ್ತೃಗಳೆನ್ನುವುದಿಲ್ಲ. ಅವರಿಲ್ಲದೆ ಕೃತಿಯಿದೆಯೆಂದೂ ಹೇಳಲಾಗುವುದಿಲ್ಲ.

ಮೋಲಿಯೇರನಿಗೆ ಅಂಥ ಆಪ್ತನಾಗಿ ದೊರೆತವನು ಲಾ ಗ್ರಾಂಜ್. 1673ರ ಫೆಬ್ರವರಿ 17ರಂದು 'ಕಲ್ಪಿತ ರೋಗಿ' ನಾಟಕದ ನಾಲ್ಕನೆಯ ಪ್ರದರ್ಶನ ಮುಗಿಸಿ ಮನೆಗೆ ಹೋದ ಮೋಲಿಯೇರ್ ಅಂದೇ ರಾತ್ರಿ ತೀರಿಕೊಂಡನು. ಆ ನಾಟಕ ಇನ್ನೂ ಅಚ್ಚಾಗಿರಲಿಲ್ಲ. ಅದು ಮುದ್ರಣವಾಗುವವರೆಗೆ ಬೇರೆ ಮಂಡಳಿಗಳು ಆಡಕೂಡದೆಂದು 1674ರ ಜನವರಿಯಲ್ಲಿ ರಾಜಾಜ್ಞೆಯನ್ನು ಪಡೆಯಬೇಕಾಯಿತು. ಅಷ್ಟರಲ್ಲೇ ನೆನಪಿನಿಂದ ಹೆಣೆದ ಕಳ್ಳಪ್ರತಿಗಳು ಸಿದ್ಧವಾಗುತ್ತಿದ್ದವು. 1682ರಲ್ಲಿ ಲಾ ಗ್ರಾಂಜ್ ತನ್ನ ಮಿತ್ರ ವಿವೋನೊಡನೆ ಕೂಡಿ ಎಂಟು ಸಂಪುಟಗಳ ಸಮಗ್ರ ಆವೃತ್ತಿಯನ್ನು ಹೊರತಂದನು. ಪ್ರದರ್ಶನದಲ್ಲಿ ಬಿಟ್ಟುಬಿಡುತ್ತಿದ್ದ ಸಾಲುಗಳಿಗೆ ಚಿಹ್ನೆ ಹಾಕಿರುವುದು ಈ ಆವೃತ್ತಿಯ ವಿಶೇಷ. ಅದು ನಟನೊಬ್ಬ ಮಾತ್ರ ಮಾಡಬಹುದಾದ ಸಂಪಾದನೆ. ದೀರ್ಘಕಾಲ ಇದೇ ಪ್ರಮಾಣಗ್ರಂಥವಾಗಿತ್ತು. 2010ರಲ್ಲಿ ಝೋರ್ಜ್ ಫೊರೆಸ್ತಿಯೆ ಮತ್ತು ಕ್ಲೋದ್ ಬುರ್ಕಿ ಪ್ಲೇಯಾದ್ ಮಾಲೆಗಾಗಿ ಸಿದ್ಧಪಡಿಸಿದ ಆವೃತ್ತಿಯಲ್ಲಿ ಅದನ್ನು ಬದಿಗಿರಿಸಿ ಕವಿಯ ಜೀವಿತಕಾಲದ ಮೊದಲ ಮುದ್ರಣಗಳನ್ನು ಆಧರಿಸಿದರು. 1664ರಲ್ಲಿ ನಿಷೇಧಗೊಂಡ ಮೂರಂಕದ 'ತಾರ್ತೂಫ್' ಹೇಗಿದ್ದಿರಬಹುದೆಂದು ಫೊರೆಸ್ತಿಯೆ ಪುನಾರಚಿಸಿದ ಪಾಠ 2022ರ ಜನವರಿಯಲ್ಲಿ, ಮೋಲಿಯೇರನ ನಾಲ್ಕುನೂರನೆಯ ಜನ್ಮವರ್ಷದ ಸಂದರ್ಭದಲ್ಲಿ, ಕೊಮೆದಿ ಫ್ರಾನ್ಸೇಸ್ ರಂಗಮಂದಿರದಲ್ಲಿ ಪ್ರದರ್ಶನಗೊಂಡಿತು.

ಈ ಎಲ್ಲ ಪಾಠಗಳ ಕಥೆಯಲ್ಲಿ ಅತಿ ಹೆಚ್ಚು ನೊಂದುದು 'ಡಾನ್ ಜುವಾನ್'. 1665ರ ಫೆಬ್ರವರಿ 15ರಂದು ಆರಂಭವಾಗಿ ಹದಿನೈದೇ ಪ್ರದರ್ಶನಗಳನ್ನು ಕಂಡು ಅದು ರಂಗದಿಂದ ಕಣ್ಮರೆಯಾಯಿತು. ಕವಿ ಬದುಕಿರುವವರೆಗೆ ಅಚ್ಚಾಗಲಿಲ್ಲ. 1677ರಲ್ಲಿ ಥೋಮಾ ಕಾರ್ನೇಯಿ ಅದನ್ನು ಮೃದುಗೊಳಿಸಿ ಪದ್ಯಕ್ಕೆ ತಿರುಗಿಸಿದನು. ರಂಗದ ಮೇಲೆ ಉಳಿದುದು ಆ ಪದ್ಯರೂಪವೇ. 1682ರ ಆವೃತ್ತಿಯಲ್ಲಿ ಗದ್ಯರೂಪ ಸೇರಿತಾದರೂ ಅಧಿಕಾರಿಗಳ ಆಕ್ಷೇಪದಿಂದ ಅಚ್ಚಾದ ಹಾಳೆಗಳನ್ನೇ ಕತ್ತರಿಸಿ ಬೇರೆ ಹಾಳೆಗಳನ್ನು ಅಂಟಿಸಲಾಯಿತು. ಕತ್ತರಿ ಬೀಳದೆ ಉಳಿದ ಬೆರಳೆಣಿಕೆಯ ಪ್ರತಿಗಳಲ್ಲಿ ಒಂದು, ಪೊಲೀಸ್ ಮುಖ್ಯಸ್ಥ ಲಾ ರೇನಿಯ ಸ್ವಂತ ಪುಸ್ತಕ. ಮರುವರ್ಷ ಆಮ್‌ಸ್ಟರ್‌ಡ್ಯಾಮಿನಲ್ಲಿ, ಫ್ರಾನ್ಸಿನ ಅನುಮತಿಪತ್ರದ ಹಂಗಿಲ್ಲದ ವ್ಯಾಪಾರಿಯೊಬ್ಬನು ಪ್ರಕಟಿಸಿದ ಪಾಠದಲ್ಲಿ ಪ್ಯಾರಿಸ್ಸಿನ ಮುದ್ರಣದಲ್ಲಿಲ್ಲದ ಅಂಶಗಳು ಕಾಣಿಸಿಕೊಂಡವು. ದೇವರನ್ನು ನಿಂದಿಸಿದರೆ ಚಿನ್ನದ ನಾಣ್ಯ ಕೊಡುವೆನೆಂದು ಡಾನ್ ಜುವಾನ್ ಭಿಕ್ಷುಕನನ್ನು ಕಾಡುವ ದೃಶ್ಯ ಅಲ್ಲಿ ಪೂರ್ಣವಾಗಿದೆ. ಒಡೆಯನನ್ನು ನೆಲ ಬಾಯ್ದೆರೆದು ನುಂಗಿದ ಮೇಲೆ ಸೇವಕ ಸ್ಗನರೆಲ್ ಆಡುವ ಕೊನೆಯ ಮಾತೂ ಅಲ್ಲಿಯೇ ಇದೆ. ಪಾಪಿಯ ಅಂತ್ಯಕ್ಕೆ ಮರುಗುವ ಬದಲು ಅವನು ಕೂಗುವುದು ತನಗೆ ಬರಬೇಕಾಗಿದ್ದ ಸಂಬಳಕ್ಕಾಗಿ. ಆ ಪಾತ್ರವನ್ನು ಮಾಡಿದವನು ಮೋಲಿಯೇರನೇ. ಒಡೆಯನ ಪಾತ್ರದಲ್ಲಿದ್ದವನು ಲಾ ಗ್ರಾಂಜ್; ಹದಿನೇಳು ವರ್ಷಗಳ ನಂತರ ಆ ಕೂಗಿಲ್ಲದ ಪಾಠವನ್ನು ಅಚ್ಚಿಗೆ ಕೊಡಬೇಕಾದವನೂ ಅವನೇ. ಮೋಲಿಯೇರನ ಗದ್ಯರೂಪ ಪ್ಯಾರಿಸ್ಸಿನ ರಂಗಕ್ಕೆ ಮರಳಿದುದು 1841ರಲ್ಲಿ, ಓದೆಯೋನ್ ರಂಗಮಂದಿರದಲ್ಲಿ. ಮೋಲಿಯೇರನ ಮನೆಯೆಂದೇ ಹೆಸರಾದ ಕೊಮೆದಿ ಫ್ರಾನ್ಸೇಸಿಗೆ 1847ರಲ್ಲಿ.